ಮಗುವಿನ ಕಾಲು ಉಳುಕಿದೆಯೇ? ಎಣ್ಣೆ ತಿಕ್ಕುವ ಮೊದಲು ಇಷ್ಟು ನೋಡಿ

ಶಾಲೆಗಳಲ್ಲಿ ಕ್ರೀಡಾಕೂಟ ನಡೆಯುವ ಸಮಯ. 13 ವರ್ಷದ ಹುಡುಗಿಯನ್ನು ಅವಳ ಅಪ್ಪ ಎತ್ತಿಕೊಂಡೇ ನನ್ನ ಕೋಣೆಗೆ ಬಂದರು. ಖೋ ಖೋ ಆಡುವಾಗ ಪಾದ ಹೊರಕ್ಕೆ ತಿರುಚಿ ಬಿದ್ದಿದ್ದಳು. ಬಿದ್ದು ಆರು ದಿನವಾಗಿತ್ತು. ‘ಉಳುಕು ಅಷ್ಟೇ ಡಾಕ್ಟ್ರೇ. ಅಜ್ಜಿ ದಿನಾ ಎರಡು ಹೊತ್ತು ಎಣ್ಣೆ ಹಚ್ಚಿ ತಿಕ್ತಿದಾರೆ. ಆದ್ರೂ ಕಾಲು ಊರ್ತಿಲ್ಲ’ ಅಂದರು. ಕಾಲಿನ ಮೇಲೆ ಹರಳೆಣ್ಣೆ ಇನ್ನೂ ಹೊಳೆಯುತ್ತಿತ್ತು. ಹರಡಿನ ಮುಂಭಾಗದಲ್ಲಿ, ಸ್ವಲ್ಪ ಹೊರಬದಿಗೆ ಬೆರಳು ಇಟ್ಟೆ. ಹುಡುಗಿ ಕೂಗಲಿಲ್ಲ. ಅಪ್ಪನ ಅಂಗಿಯ ತೋಳು ಹಿಡಿದು ಹಿಂಡಿದಳು. ಒಳಗೆ ಮೂಳೆಯ ಚೂರೊಂದು ಕಿತ್ತು ಸರಿದಿತ್ತು.

ಇಂಥ ಕಾಲುಗಳನ್ನು ಪ್ರತಿ ವರ್ಷ ನೋಡುತ್ತೇನೆ. ಅಜ್ಜಿಯ ಅಕ್ಕರೆಯಲ್ಲಿ ತಪ್ಪಿಲ್ಲ. ದೊಡ್ಡವರ ಕಾಲಿನ ಲೆಕ್ಕವನ್ನೇ ಮಕ್ಕಳ ಕಾಲಿಗೂ ಹಾಕುತ್ತೇವೆ, ಎಡವಟ್ಟಾಗುವುದು ಅಲ್ಲೇ. ದೊಡ್ಡವರ ಪಾದ ತಿರುಚಿದರೆ ಸಾಮಾನ್ಯವಾಗಿ ಮೂಳೆಗಳನ್ನು ಕಟ್ಟಿ ಹಿಡಿದಿರುವ ನಾರುಗಳು ಹರಿಯುತ್ತವೆ. ಅದು ಉಳುಕು. ಮಕ್ಕಳಲ್ಲಿ ಆ ನಾರುಗಳು ಗಟ್ಟಿ. ಅದಕ್ಕಿಂತ ಮೆತ್ತಗಿನ ಜಾಗ ಇನ್ನೊಂದಿದೆ. ಮೂಳೆಯ ತುದಿಯ ಹತ್ತಿರ ಇರುವ ಗ್ರೋತ್ ಪ್ಲೇಟ್, ಅಂದರೆ ಮೂಳೆ ಉದ್ದ ಬೆಳೆಯುವ ಮೆದುವಾದ ಪದರ. ಅದೇ ತಿರುಚು ಮಗುವಿನಲ್ಲಿ ಆ ಪದರವನ್ನು ಬಿರಿಸಬಹುದು. ಆದ್ದರಿಂದ ಮಕ್ಕಳ ಹರಡು ಊದಿದಾಗ ‘ಉಳುಕು’ ಎಂಬ ಮಾತು ಮೊದಲು ಬರಬಾರದು, ಕೊನೆಗೆ ಬರಬೇಕು.

ಮೊದಲ ಹತ್ತು ನಿಮಿಷ

ಮಗುವನ್ನು ಕೂರಿಸಿ. ಶೂ ಎಳೆಯಬೇಡಿ, ಲೇಸ್ ಪೂರ್ತಿ ಬಿಚ್ಚಿ ತೆಗೆಯಿರಿ. ಐಸ್ ಅನ್ನು ಬಟ್ಟೆಯಲ್ಲಿ ಸುತ್ತಿ 15 ನಿಮಿಷ ಇಡಿ. ಕಾಲನ್ನು ದಿಂಬಿನ ಮೇಲಿಟ್ಟು, ದಿಂಬನ್ನೇ ಎರಡೂ ಬದಿಯಿಂದ ಮಡಚಿ ವೇಲ್‌ನಿಂದ ಸಡಿಲವಾಗಿ ಕಟ್ಟಿ. ಇದಕ್ಕಿಂತ ಒಳ್ಳೆಯ ಕಟ್ಟು ಮನೆಯಲ್ಲಿ ಬೇರೆ ಬೇಕಿಲ್ಲ. ನೋವಿಗೆ ಪ್ಯಾರಸಿಟಮಾಲ್ ಸಾಕು, ತೂಕದ ಪ್ರತಿ ಕಿಲೋಗೆ 15 ಮಿಲಿಗ್ರಾಂ. ಆಸ್ಪಿರಿನ್ ಮಕ್ಕಳಿಗೆ ಬೇಡವೇ ಬೇಡ. ಮೆಡಿಕಲ್ ಶಾಪಿನ ನೋವಿನ ಸ್ಪ್ರೇ, ಬಾಮ್ ಎರಡನ್ನೂ ದೂರವಿಡಿ. ಅವು ಚರ್ಮವನ್ನು ತಣ್ಣಗೆ, ಬಿಸಿ ಮಾಡುತ್ತವೆ ಅಷ್ಟೇ. ಮೂಳೆಗೆ ಏನೂ ಮಾಡುವುದಿಲ್ಲ. ತಿಕ್ಕುವ ನೆಪ ಮಾತ್ರ ಕೊಡುತ್ತವೆ.

ಪಾದ ಸೊಟ್ಟಗಾಗಿದ್ದರೆ, ಚರ್ಮ ಹರಿದು ರಕ್ತ ಬರುತ್ತಿದ್ದರೆ, ಬೆರಳು ಬಿಳಿಚಿ ತಣ್ಣಗಾಗಿದ್ದರೆ ಮುಂದಿನದನ್ನೆಲ್ಲ ಓದುತ್ತಾ ಕೂರಬೇಡಿ. 108ಕ್ಕೆ ಕರೆ ಮಾಡಿ. ದಾರಿಯಲ್ಲಿ ಮಗುವಿಗೆ ಇಡ್ಲಿ, ಬಿಸ್ಕತ್ತು ತಿನ್ನಿಸಬೇಡಿ. ಅರಿವಳಿಕೆ ಕೊಡಬೇಕಾಗಿ ಬಂದರೆ ಘನ ಆಹಾರ ತಿಂದು ಆರು ಗಂಟೆ ಆಗಿರಬೇಕು. ಈ ಒಂದು ಬಿಸ್ಕತ್ತಿನಿಂದ ಮಧ್ಯಾಹ್ನದ ಕೆಲಸ ರಾತ್ರಿಗೆ ಹೋಗಿದ್ದನ್ನು ಎಷ್ಟು ಸಲ ನೋಡಿದ್ದೇನೋ.

ಬೆರಳಿನ ಪರೀಕ್ಷೆ

ಜಾಸ್ತಿ ಜನ ತಪ್ಪುವುದು ಇಲ್ಲಿ. ಇಡೀ ಹರಡನ್ನು ಅಂಗೈಯಲ್ಲಿ ಹಿಡಿದು ‘ಇಲ್ಲಿ ನೋವಾ? ಇಲ್ಲಿ ನೋವಾ?’ ಎಂದು ಹಿಚುಕುತ್ತಾರೆ. ಮಗು ಎಲ್ಲದಕ್ಕೂ ‘ಹೂಂ’ ಅನ್ನುತ್ತದೆ. ಅದರಿಂದ ಏನೂ ತಿಳಿಯುವುದಿಲ್ಲ.

ಹೀಗೆ ಮಾಡಿ. ಮಗುವನ್ನು ಅಮ್ಮನ ಮಡಿಲಲ್ಲಿ ಅಥವಾ ಮಂಚದ ಅಂಚಿನಲ್ಲಿ ಕೂರಿಸಿ. ಮೊದಲು ನೋವಿಲ್ಲದ ಕಾಲನ್ನು ಮುಟ್ಟಿ. ಒತ್ತಿದರೆ ಎಷ್ಟು ಒತ್ತುತ್ತೀರಿ ಎಂದು ಮಗುವಿಗೆ ಗೊತ್ತಾಗಲಿ. ಆಮೇಲೆ ಏಟಾದ ಕಾಲಿಗೆ ಬನ್ನಿ. ಒಂದೇ ಬೆರಳು, ಅದರ ತುದಿ ಮಾತ್ರ. ಕಣ್ಣು ಮಗುವಿನ ಮುಖದ ಮೇಲಿರಲಿ, ಕಾಲಿನ ಮೇಲಲ್ಲ. ಊತ ಎಲ್ಲಿ ಜಾಸ್ತಿಯೋ ಅಲ್ಲಿಂದ ದೂರದಲ್ಲಿ ಶುರು ಮಾಡಿ ನಿಧಾನಕ್ಕೆ ಹತ್ತಿರ ಬನ್ನಿ.

ನೋಡಬೇಕಾದ ಜಾಗ ನಾಲ್ಕು. ಹರಡಿನ ಹೊರಗಿನ ಗಿಣ್ಣು. ಅದರ ತುದಿಯಿಂದ ಹಿಂಬದಿಯ ಅಂಚಿನುದ್ದಕ್ಕೂ ಸುಮಾರು 6 ಸೆಂಟಿಮೀಟರ್ ಮೇಲಿನವರೆಗೆ. ಒಳಗಿನ ಗಿಣ್ಣು, ಅದೇ ಥರ. ಪಾದದ ಹೊರ ಅಂಚಿನ ಮಧ್ಯದಲ್ಲಿ, ಕಿರುಬೆರಳಿನ ಸಾಲಿನಲ್ಲಿ ಕೈಗೆ ಸಿಗುವ ಉಬ್ಬು. ಪಾದದ ಒಳಬದಿಯಲ್ಲಿ, ಕಮಾನಿನ ಮೇಲ್ಭಾಗದಲ್ಲಿ ಸಿಗುವ ಇನ್ನೊಂದು ಉಬ್ಬು. ಈ ನಾಲ್ಕರಲ್ಲಿ ಎಲ್ಲಾದರೂ ಮೂಳೆಯ ಮೇಲೆಯೇ ನೋವಿದ್ದರೆ ಎಕ್ಸ್-ರೇ ಆಗಲೇಬೇಕು. ಬಿದ್ದ ಕೂಡಲೇ ನಾಲ್ಕು ಹೆಜ್ಜೆ ಇಡಲಾಗಲಿಲ್ಲ, ಈಗಲೂ ಆಗುತ್ತಿಲ್ಲ ಎಂದರೆ ಆಗಲೂ ಬೇಕು. ಕುಂಟುತ್ತಾ ಇಟ್ಟರೂ ಅದು ಹೆಜ್ಜೆಯೇ. ನಡೆಸಿ ನೋಡಲು ಬಲವಂತ ಮಾತ್ರ ಮಾಡಬೇಡಿ. ಇದು 1992ರಲ್ಲಿ ಕೆನಡಾದ ಒಟ್ಟಾವಾದಲ್ಲಿ ವೈದ್ಯರು ರೂಪಿಸಿದ ನಿಯಮ. ಐದಾರು ವರ್ಷ ದಾಟಿದ ಮಕ್ಕಳಲ್ಲೂ ಚೆನ್ನಾಗಿ ಕೆಲಸ ಮಾಡುತ್ತದೆ. ಅದಕ್ಕಿಂತ ಚಿಕ್ಕವರು ಕಾಲೂರಲು ಒಪ್ಪದಿದ್ದರೆ ಸುಮ್ನೆ ಆಸ್ಪತ್ರೆಗೆ ಹೋಗಿಬಿಡಿ.

ಇದಕ್ಕೆ ನನ್ನದೊಂದು ಸೇರ್ಪಡೆ. ಹೊರಗಿನ ಗಿಣ್ಣಿನ ಮುಂದೆ, ತುದಿಗಿಂತ ಕೆಳಗೆ ಮೆತ್ತಗಿನ ಜಾಗದಲ್ಲಿ ಮಾತ್ರ ನೋವಿದ್ದರೆ ನಾರಿನ ಏಟು ಇರಬಹುದು. ಗಿಣ್ಣಿನ ತುದಿಯಿಂದ ಹೆಬ್ಬೆರಳಿನ ಅಗಲದಷ್ಟು ಮೇಲೆ, ಮೂಳೆಯನ್ನು ಅಡ್ಡಡ್ಡ ಬಳಸಿದಂತೆ ನೋವಿದ್ದರೆ ಗ್ರೋತ್ ಪ್ಲೇಟ್ ಮೇಲೆ ಅನುಮಾನ ಇಡಿ. ಇನ್ನು 12ರಿಂದ 15 ವರ್ಷದವರಾದರೆ, ಹರಡಿನ ಮುಂಭಾಗದ ಹೊರಬದಿಯನ್ನೂ ಒತ್ತಿ ನೋಡಿ. ಮೊದಲು ಹೇಳಿದ ಹುಡುಗಿಯ ನೋವು ಅಲ್ಲಿತ್ತು.

ಎಕ್ಸ್-ರೇ: ಎರಡಲ್ಲ, ಮೂರು

ಎದುರಿನಿಂದ ಒಂದು, ಪಕ್ಕದಿಂದ ಒಂದು ತೆಗೆದು ಕಳಿಸುವುದು ನಮ್ಮಲ್ಲಿ ರೂಢಿ. ಮೂರನೆಯದು ಬೇಕು. ಪಾದವನ್ನು 15–20 ಡಿಗ್ರಿ ಒಳಕ್ಕೆ ತಿರುಗಿಸಿ ತೆಗೆಯುವ ಮಾರ್ಟಿಸ್ ವ್ಯೂ. ಕೀಲಿನ ಸಂದು ಸ್ಪಷ್ಟವಾಗಿ ಕಾಣುವುದು ಅದರಲ್ಲೇ. ಚೀಟಿಯಲ್ಲಿ ಬರೆದಿಲ್ಲದಿದ್ದರೆ ಕೇಳಿ, ಸಂಕೋಚ ಬೇಡ.

ಎಕ್ಸ್-ರೇಯಲ್ಲಿ ಗ್ರೋತ್ ಪ್ಲೇಟ್ ಕಪ್ಪು ಗೆರೆಯಾಗಿ ಕಾಣುತ್ತದೆ. ಅದನ್ನು ನೋಡಿ ‘ಅಯ್ಯೋ, ಕ್ರ್ಯಾಕ್!’ ಎಂದು ಹೆದರುವವರಿದ್ದಾರೆ. ಅದು ಇರಬೇಕಾದ ಗೆರೆ. ಅದೇ ಪದರದ ನಿಜವಾದ ಬಿರುಕು ಫಿಲ್ಮ್‌ನಲ್ಲಿ ಕಾಣದೇ ಇರಬಹುದು. ಅದಕ್ಕೇ ‘ನಾರ್ಮಲ್’ ಎಂದು ವರದಿ ಬಂದರೂ ಬೆರಳಿಟ್ಟ ಕಡೆ ನೋವಿದ್ದರೆ, ವರದಿಗಿಂತ ಬೆರಳನ್ನೇ ನಂಬುತ್ತೇನೆ.

ಈ ಪೆಟ್ಟುಗಳನ್ನು 1963ರಲ್ಲಿ ಕೆನಡಾದ ಸಾಲ್ಟರ್ ಮತ್ತು ಹ್ಯಾರಿಸ್ ಎಂಬ ಮೂಳೆ ವೈದ್ಯರು ಐದು ಬಗೆಯಾಗಿ ವಿಂಗಡಿಸಿದರು. ಇವತ್ತಿಗೂ ಅದೇ ನಡೆಯುತ್ತಿದೆ. ವೈದ್ಯರನ್ನು ‘ಎಷ್ಟನೇ ಟೈಪ್?’ ಎಂದು ಕೇಳಿ. ಬಿರುಕು ಕೀಲಿನೊಳಗೆ ಹೋಗಿದೆಯೋ ಇಲ್ಲವೋ ಎಂಬುದು ಆ ಉತ್ತರದಲ್ಲಿದೆ. ಒಂದು, ಎರಡನೇ ಟೈಪ್‌ಗಳಲ್ಲಿ ಹೋಗಿರುವುದಿಲ್ಲ. ಮೂರು, ನಾಲ್ಕರಲ್ಲಿ ಹೋಗಿರುತ್ತದೆ. ಐದನೆಯದು ಪದರವೇ ಜಜ್ಜಿಹೋದದ್ದು, ಅಪರೂಪ.

ಹದಿವಯಸ್ಸಿನ ಶುರುವಿನಲ್ಲಿ ಇನ್ನೊಂದು ತೊಡಕಿದೆ. ಟಿಬಿಯಾ, ಅಂದರೆ ಮೊಣಕಾಲಿನಿಂದ ಇಳಿಯುವ ದಪ್ಪ ಮೂಳೆಯ ಕೆಳಗಿನ ಗ್ರೋತ್ ಪ್ಲೇಟ್ ಒಂದೇ ಸಲ ಮೂಳೆಯಾಗಿ ಮುಚ್ಚುವುದಿಲ್ಲ. ನಡುವಿನಿಂದ ಶುರುವಾಗಿ ಒಳಬದಿಗೆ, ಕೊನೆಗೆ ಹೊರಬದಿಗೆ, ಹೀಗೆ ಸುಮಾರು ಒಂದೂವರೆ ವರ್ಷ ಹಿಡಿಯುತ್ತದೆ. ಆ ಹೊತ್ತಿನಲ್ಲಿ ಪಾದ ಹೊರಕ್ಕೆ ತಿರುಚಿದರೆ, ಇನ್ನೂ ಮುಚ್ಚದ ಹೊರಮೂಲೆ ಮಾತ್ರ ಕಿತ್ತು ಬರುತ್ತದೆ. ಇದಕ್ಕೆ ಟಿಲೋ ಫ್ರಾಕ್ಚರ್ ಅನ್ನುತ್ತಾರೆ. ಮೂರು ದಿಕ್ಕಿಗೆ ಒಡೆದರೆ ಟ್ರೈಪ್ಲೇನ್. ಇವೆರಡಕ್ಕೂ ಸಿಟಿ ಸ್ಕ್ಯಾನ್ ಬೇಕೆಂದರೆ ಒಪ್ಪಿಕೊಳ್ಳಿ, ಅದು ದುಡ್ಡಿನಾಸೆಗೆ ಹೇಳಿದ್ದಲ್ಲ. ಒಡೆದ ಚೂರುಗಳ ನಡುವಿನ ಅಂತರ 2 ಮಿಲಿಮೀಟರ್‌ಗಿಂತ ಜಾಸ್ತಿ ಇದ್ದರೆ ಆಪರೇಷನ್, ಕಡಿಮೆ ಇದ್ದರೆ ಪ್ಲಾಸ್ಟರ್. ಎಕ್ಸ್-ರೇಯಲ್ಲಿ ಅಷ್ಟು ಕರಾರುವಾಕ್ಕಾಗಿ ಅಳೆಯಲಾಗುವುದಿಲ್ಲ.

ಚಿಕಿತ್ಸೆ

ಹೊರಗಿನ ಸಣ್ಣ ಮೂಳೆ ಫಿಬುಲಾದ ಒಂದನೇ ಟೈಪ್ ಪೆಟ್ಟು, ಮೂಳೆ ಸರಿದಿಲ್ಲ ಎಂದಾದರೆ ಬಿಚ್ಚಿ ಹಾಕಬಹುದಾದ ಬ್ರೇಸ್ ಸಾಕು. ಪ್ಲಾಸ್ಟರ್ ಹಾಕಿದವರಿಗಿಂತ ಆ ಮಕ್ಕಳು ಬೇಗ ಓಡಾಡುತ್ತಾರೆ. ಬ್ರೇಸ್ ಎಂದರೆ ಎರಡೂ ಬದಿ ಗಟ್ಟಿ ಪಟ್ಟಿ ಇರುವಂಥದ್ದು. ಕಾಲುಚೀಲದಂತೆ ಎಳೆದು ಹಾಕುವ ಎಲಾಸ್ಟಿಕ್ ಸಪೋರ್ಟ್‌ಗೆ ದುಡ್ಡು ಹಾಕಬೇಡಿ.

ಎರಡನೇ ಟೈಪ್‌ನಲ್ಲಿ ಮೂಳೆ ಸರಿದಿದ್ದರೆ ಅರಿವಳಿಕೆ ಕೊಟ್ಟು ಅದನ್ನು ಮತ್ತೆ ಜಾಗಕ್ಕೆ ಕೂರಿಸಿ, ನಾಲ್ಕರಿಂದ ಆರು ವಾರ ಪ್ಲಾಸ್ಟರ್. ಕೂರಿಸುವುದನ್ನು ಒಮ್ಮೆ, ಮೆಲ್ಲಗೆ ಮಾಡಬೇಕು. ಮತ್ತೆ ಮತ್ತೆ ಎಳೆದರೆ ಗ್ರೋತ್ ಪ್ಲೇಟ್ ಜಜ್ಜುತ್ತದೆ. ನಾಟಿ ಕಟ್ಟಿನ ಬಗ್ಗೆ ನನ್ನ ಕಳವಳವೂ ಇದೇ. ನೋವಿನಲ್ಲಿ ಬಿಗಿದುಕೊಂಡ ಕಾಲನ್ನು ಅಂದಾಜಿನ ಮೇಲೆ ಎಳೆಯುತ್ತಾರೆ, ಊತ ಏರುತ್ತಿರುವಾಗಲೇ ಬಿದಿರಿನ ದಬ್ಬೆ ಇಟ್ಟು ಬಿಗಿಯುತ್ತಾರೆ. ವಾರ, ಹತ್ತು ದಿನ ಕಳೆದು ನಮ್ಮ ಹತ್ತಿರ ಬಂದಾಗ ಮೂಳೆ ಕೂಡತೊಡಗಿರುತ್ತದೆ. ಆಗ ಎಳೆದು ಸರಿಮಾಡಲು ಹೋದರೆ ಲಾಭಕ್ಕಿಂತ ಹಾನಿ ಹೆಚ್ಚು.

ಮೂರು, ನಾಲ್ಕನೇ ಟೈಪ್ ಸರಿದಿದ್ದರೆ ಸ್ಕ್ರೂ ಬೇಕು. ಬೆಳೆಯುವ ಮಕ್ಕಳಲ್ಲಿ ಅದನ್ನು ಗ್ರೋತ್ ಪ್ಲೇಟ್ ದಾಟಿಸದೆ ಅಡ್ಡಡ್ಡಲಾಗಿ ಹಾಕುತ್ತೇವೆ. ಆ ಹುಡುಗಿಗೂ ಒಂದು ಸ್ಕ್ರೂ ಹಾಕಿದೆವು.

ಮೊದಲ ದಿನವೇ ಸುತ್ತಲೂ ಪೂರ್ತಿ ಪ್ಲಾಸ್ಟರ್ ಹಾಕುವುದು ನನಗೆ ಒಪ್ಪಿಗೆಯಿಲ್ಲ. ಮೊದಲು ಹಿಂಬದಿಗೆ ಸ್ಲ್ಯಾಬ್ ಎಂಬ ಅರ್ಧ ಪ್ಲಾಸ್ಟರ್, ಊತ ಇಳಿದ ಮೇಲೆ ಪೂರ್ತಿ ಪ್ಲಾಸ್ಟರ್. ಮನೆಗೆ ಹೋದ ಮೊದಲ ಎರಡು ದಿನ ಕಾಲು ಎದೆಗಿಂತ ಎತ್ತರದಲ್ಲಿರಲಿ. ಗಂಟೆಗೊಮ್ಮೆ ಬೆರಳು ಆಡಿಸಲಿ. ಔಷಧಿ ಕೊಟ್ಟರೂ ನೋವು ಏರುತ್ತಲೇ ಇದ್ದರೆ, ಬೆರಳನ್ನು ನೀವು ಮೇಲಕ್ಕೆ ಎತ್ತಿದಾಗ ಮಗು ಚೀರಿದರೆ, ಜೋಮು ಹಿಡಿದರೆ, ರಾತ್ರಿ ಎರಡು ಗಂಟೆಯಾದರೂ ಹೊರಡಿ. ತುರಿಕೆಗೆ ಸ್ಕೇಲ್, ಕಡ್ಡಿ ತೂರಿಸಬೇಡಿ.

ಎಲ್ಲರೂ ಬಿಟ್ಟುಬಿಡುವ ಹಂತ

ಪ್ಲಾಸ್ಟರ್ ಬಿಚ್ಚಿದ ದಿನ ಸಿಹಿ ಹಂಚಿ ಹೋದವರು ಮತ್ತೆ ಬರುವುದಿಲ್ಲ. ಟಿಬಿಯಾದ ಉದ್ದದಲ್ಲಿ ಸುಮಾರು 40 ಶೇಕಡಾ ಬೆಳೆಯುವುದು ಈ ಕೆಳತುದಿಯಲ್ಲಿ, ವರ್ಷಕ್ಕೆ 3–4 ಮಿಲಿಮೀಟರ್‌ನಂತೆ. ಹುಡುಗಿಯರಲ್ಲಿ ಸುಮಾರು 14, ಹುಡುಗರಲ್ಲಿ 16 ವರ್ಷದವರೆಗೆ. ಪೆಟ್ಟಿನಿಂದ ಒಳಬದಿ ನಿಂತು ಹೊರಬದಿ ಬೆಳೆಯುತ್ತಾ ಹೋದರೆ ಪಾದ ನಿಧಾನಕ್ಕೆ ಒಳಕ್ಕೆ ವಾಲುತ್ತದೆ. ನೋವಿರುವುದಿಲ್ಲ, ಅದಕ್ಕೇ ಯಾರಿಗೂ ತಿಳಿಯುವುದಿಲ್ಲ. ಬೇಗ ಕಂಡುಹಿಡಿದರೆ ಸರಿಪಡಿಸುವ ದಾರಿಗಳಿವೆ.

ಆರು ತಿಂಗಳಿಗೊಮ್ಮೆ, ಕನಿಷ್ಠ ಎರಡು ವರ್ಷ ಎರಡೂ ಕಾಲಿನ ಎಕ್ಸ್-ರೇ ಮಾಡಿಸಿ. ಗ್ರೋತ್ ಪ್ಲೇಟ್‌ನ ಮೇಲೆ ತೆಳ್ಳಗಿನ ಬಿಳಿ ಗೆರೆಯೊಂದು ಮೂಡಿರುತ್ತದೆ. ಅದು ಪದರಕ್ಕೆ ಸಮಾನಾಂತರವಾಗಿ ಮೇಲೆ ಸರಿಯುತ್ತಿದ್ದರೆ ಮೂಳೆ ಸರಿಯಾಗಿ ಬೆಳೆಯುತ್ತಿದೆ. ಒಂದು ಬದಿಗೆ ಓರೆಯಾಗಿದ್ದರೆ ಆ ಬದಿ ನಿಂತಿದೆ. ಇದನ್ನು ಹೋಲಿಸಿ ನೋಡಲು ಹಳೆಯ ಫಿಲ್ಮ್‌ಗಳು ಬೇಕು. ಮೊದಲ ದಿನದ ಎಕ್ಸ್-ರೇಯನ್ನು ಎಸೆಯಬೇಡಿ. ಸುರುಳಿ ಸುತ್ತದೆ, ಕವರಿನ ಮೇಲೆ ತಾರೀಖು ಬರೆದು ಹಾಸಿಗೆಯ ಅಡಿಯಲ್ಲಿ ಚಪ್ಪಟೆಯಾಗಿ ಇಡಿ. ಬರುವಾಗ ಎಲ್ಲವನ್ನೂ ತನ್ನಿ.