ಡಿಸೆಂಬರ್ ಆಗಸದಲ್ಲಿ ಗೆಲಾಕ್ಸಿ, ನೀಹಾರಿಕೆ ಹುಡುಕುವುದು ಹೇಗೆ?

ಡಿಸೆಂಬರ್ ಅಮಾವಾಸ್ಯೆಯ ಆಸುಪಾಸಿನ ರಾತ್ರಿಗಳನ್ನು ಕಳೆದುಕೊಳ್ಳಬೇಡಿ. ಟೆಲಿಸ್ಕೋಪ್ ಬೇಕಿಲ್ಲ, 7×50 ಅಥವಾ 10×50 ಬೈನಾಕ್ಯುಲರ್ ಸಾಕು (ಮೊದಲ ಅಂಕಿ ಎಷ್ಟು ಪಟ್ಟು ಹಿಗ್ಗಿಸುತ್ತದೆ ಎಂಬುದು, ಎರಡನೆಯದು ಮುಂದಿನ ಮಸೂರದ ಅಗಲ, ಮಿಲಿಮೀಟರಿನಲ್ಲಿ).

ಮೊದಲು ಕಣ್ಣು ಕತ್ತಲಿಗೆ ಒಗ್ಗಬೇಕು. ಬೀದಿದೀಪ ಕಾಣದ ತೋಟದಲ್ಲೋ ಬಯಲಲ್ಲೋ ಅರ್ಧ ಗಂಟೆ ಸುಮ್ಮನೆ ಕೂತುಬಿಡಿ. ನಡುವೆ ಒಮ್ಮೆ ಮೊಬೈಲ್ ನೋಡಿದರೂ ಕಾದದ್ದು ವ್ಯರ್ಥ. ಬೆಳಕು ಬೇಕೇ ಬೇಕೆಂದರೆ ಟಾರ್ಚಿಗೆ ಕೆಂಪು ಜಿಲೆಟಿನ್ ಕಾಗದ ಕಟ್ಟಿಕೊಳ್ಳಿ.

ರಾತ್ರಿ 8ಕ್ಕೆ ಉತ್ತರಕ್ಕೆ ಮುಖ ಮಾಡಿ. ಐದು ನಕ್ಷತ್ರಗಳು ಇಂಗ್ಲಿಷಿನ ‘ಎಂ’ ಅಕ್ಷರ ಬರೆದಿರುತ್ತವೆ, ಅದು ಕ್ಯಾಸಿಯೋಪಿಯಾ. ಅದರ ಎಡಗಡೆಯ ಚೂಪಾದ ಶಿಖರ ನೆತ್ತಿಯತ್ತ ತೋರುತ್ತದೆ. ಕೈ ಪೂರ್ತಿ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಸುಮಾರು 10 ಡಿಗ್ರಿ. ಶಿಖರದಿಂದ ಒಂದೂವರೆ ಮುಷ್ಟಿ ಮೇಲಕ್ಕೆ ಬೈನಾಕ್ಯುಲರ್ ಒಯ್ದು ನಿಧಾನವಾಗಿ ಹುಡುಕಿ. ಹಲಗೆಯ ಮೇಲೆ ಅರೆಬರೆ ಅಳಿಸಿದ ಸೀಮೆಸುಣ್ಣದ ಗುರುತಿನಂಥ ಉದ್ದನೆಯ ಮಬ್ಬು ಕಂಡಿತೇ? ಅದೇ ಆಂಡ್ರೋಮಿಡಾ ಗೆಲಾಕ್ಸಿ. ನೇರ ದಿಟ್ಟಿಸಿದರೆ ಮಸುಕಾಗುತ್ತದೆ, ತುಸು ಪಕ್ಕಕ್ಕೆ ನೋಡಿದರೆ ಸ್ಪಷ್ಟವಾಗುತ್ತದೆ. ಮಂದ ಬೆಳಕನ್ನು ಹಿಡಿಯುವ ಕೋಶಗಳು ಅಕ್ಷಿಪಟಲದ ನಟ್ಟನಡುವೆ ಇಲ್ಲ, ಸುತ್ತಲೂ ಇವೆ. ಚಿತ್ರಗಳಲ್ಲಿನ ಬಣ್ಣ, ಸುರುಳಿಗಳನ್ನು ಮಾತ್ರ ನಿರೀಕ್ಷಿಸಬೇಡಿ. ಆ ಬೂದು ಬೆಳಕು ಹೊರಟು 25 ಲಕ್ಷ ವರ್ಷವಾಯಿತು, ಆಗ ನಮ್ಮ ಮನುಷ್ಯಜಾತಿಯೇ ಇರಲಿಲ್ಲ! ನನಗಂತೂ ಯಾವ ಬಣ್ಣದ ಚಿತ್ರಕ್ಕಿಂತಲೂ ಇದೇ ದೊಡ್ಡದು.

ಇನ್ನು ಪೂರ್ವಕ್ಕೆ ತಿರುಗಿ. ಕೃತ್ತಿಕೆ ಸುಲಭವಾಗಿ ಸಿಗುತ್ತದೆ. ಬರಿಗಣ್ಣಿಗೆ ಆರೇಳು ಚುಕ್ಕಿ, ಬೈನಾಕ್ಯುಲರಿನಲ್ಲಿ ಹತ್ತಾರು. ಅದರ ಕೆಳಗೆ ಕೆಂಪಗಿರುವುದು ರೋಹಿಣಿ. ಸುತ್ತಲಿನ ಹಯಾಡಿಸ್ ನಕ್ಷತ್ರಗುಚ್ಛ ಸುಮಾರು 150 ಜ್ಯೋತಿರ್ವರ್ಷ (ಬೆಳಕು ಒಂದು ವರ್ಷದಲ್ಲಿ ಸಾಗುವ ದೂರವೇ ಒಂದು ಜ್ಯೋತಿರ್ವರ್ಷ) ದೂರದ್ದು; ರೋಹಿಣಿ 65ರಲ್ಲೇ ಇದೆ, ಆ ಗುಚ್ಛಕ್ಕೆ ಸೇರಿದ್ದಲ್ಲ.

10ರ ಹೊತ್ತಿಗೆ ಓರಿಯನ್ ಎಂಬ ನಕ್ಷತ್ರಪುಂಜ ಮೇಲೇರಿರುತ್ತದೆ. ಅದರ ನಡುಪಟ್ಟಿಯ ಮೂರು ನಕ್ಷತ್ರಗಳ ‘ಕೆಳಗೆ’ ನೀಹಾರಿಕೆ ಇದೆ ಎನ್ನುತ್ತವೆ ಯುರೋಪಿನ ನಕಾಶೆಗಳು. ನಮ್ಮಲ್ಲಿ ಓರಿಯನ್ ಮಲಗಿಕೊಂಡೇ ಹುಟ್ಟುತ್ತದೆ, ಪಟ್ಟಿ ನೆಟ್ಟಗೆ ನಿಂತಿರುತ್ತದೆ. ಆದ್ದರಿಂದ ಬಲಕ್ಕೆ, ತುಸು ಕೆಳಗೆ, ಅರ್ಧ ಮುಷ್ಟಿಯಾಚೆ ಹುಡುಕಿ. ಅಲ್ಲಿನ ಸಣ್ಣ ಸಾಲಿನ ನಡುವಿನ ‘ನಕ್ಷತ್ರ’ ಬೈನಾಕ್ಯುಲರಿನಲ್ಲಿ ಹೊಗೆಯಾಡುತ್ತಿರುವಂತೆ ಕಾಣುತ್ತದೆ. ಸುಮಾರು 1,300 ಜ್ಯೋತಿರ್ವರ್ಷ ದೂರದ ಆ ಅನಿಲರಾಶಿಯಲ್ಲಿ ಈಗಲೂ ನಕ್ಷತ್ರಗಳು ಹುಟ್ಟುತ್ತಿವೆ.

ಬೈನಾಕ್ಯುಲರ್ ಅಲುಗುತ್ತಿದ್ದರೆ ಮೊಣಕೈಗಳನ್ನು ಕಾಂಪೌಂಡ್ ಗೋಡೆಗೆ ಊರಿ.

ಏಪ್ರಿಲ್ ಕೊನೆಯ ಅಮಾವಾಸ್ಯೆಯನ್ನೂ ಕ್ಯಾಲೆಂಡರಿನಲ್ಲಿ ಗುರುತಿಸಿಕೊಳ್ಳಿ. ರಾತ್ರಿ 11ಕ್ಕೆ ದಕ್ಷಿಣ ದಿಗಂತದಿಂದ ಮೂರು ಮುಷ್ಟಿ ಮೇಲೆ ಒಮೆಗಾ ಸೆಂಟಾರಿ ಎಂಬ ಭಾರಿ ನಕ್ಷತ್ರಗುಚ್ಛ ಬರುತ್ತದೆ. ಲಂಡನ್ನಿನವರಿಗೆ ಅದು ಎಂದೂ ಉದಯಿಸುವುದಿಲ್ಲ.