ಏನೂ ಆಗಿಲ್ಲ, ಆದರೂ ಭಯ

ಬೆಂಗಳೂರಿನಲ್ಲಿ ಒಬ್ಬಳೇ ಇದ್ದು ಮನೆಯಿಂದಲೇ ಕೆಲಸ ಮಾಡುವ ನನಗೆ ಒಂದು ಹೆದರಿಕೆ ಅಂಟಿಕೊಂಡಿತ್ತು. ಅದಕ್ಕೆ ಕಾರಣವೇ ಇರಲಿಲ್ಲ. ಸಂಬಳ ಬರುತ್ತಿತ್ತು, ಊರಲ್ಲಿ ಅಮ್ಮ ಚೆನ್ನಾಗಿದ್ದರು. ಆದರೂ ಮಧ್ಯಾಹ್ನ ಲಿಫ್ಟ್ ನಮ್ಮ ಮಹಡಿಯಲ್ಲಿ ನಿಂತರೆ ಎದೆ ಧಸಕ್ಕೆನ್ನುತ್ತಿತ್ತು. ಗೊತ್ತಿಲ್ಲದ ನಂಬರಿನಿಂದ ಫೋನ್ ಬಂದರೆ, ರಿಂಗ್ ನಿಲ್ಲುವವರೆಗೂ ಸುಮ್ನೆ ನೋಡುತ್ತಾ ಕೂರುತ್ತಿದ್ದೆ.

ಹಾಲು, ತರಕಾರಿ, ಊಟ ಎಲ್ಲವೂ ಆ್ಯಪ್‌ನಲ್ಲೇ. ‘ಬಾಗಿಲ ಬಳಿ ಇಟ್ಟು ಹೋಗಿ’ ಎಂದು ಒತ್ತಿದರೆ ಯಾರ ಮುಖವನ್ನೂ ನೋಡಬೇಕಿಲ್ಲ. ಸಂಜೆ ಅಮ್ಮನ ಹತ್ತಿರ ಮಾತಾಡಲು ಹೋದರೆ ಗಂಟಲು ಕಟ್ಟಿರುತ್ತಿತ್ತು. ಬೆಳಗಿನಿಂದ ಅದೇ ಮೊದಲ ಮಾತು.

ನಿದ್ದೆ ಕೆಟ್ಟಾಗ 14416ಕ್ಕೆ ಫೋನ್ ಮಾಡಿದೆ. ಅದು ಟೆಲಿ ಮಾನಸ್, 2022ರ ಅಕ್ಟೋಬರ್‌ನಲ್ಲಿ ಕೇಂದ್ರ ಸರ್ಕಾರ ಶುರು ಮಾಡಿದ ಉಚಿತ ಮಾನಸಿಕ ಆರೋಗ್ಯ ಸಹಾಯವಾಣಿ. ಕನ್ನಡದಲ್ಲೇ ಮಾತಾಡಬಹುದು. ಇಷ್ಟು ಸಣ್ಣ ವಿಷಯಕ್ಕೆ ಫೋನ್ ಮಾಡಬಹುದಾ ಅಂತ ಕೇಳಿದೆ. ‘ನಿದ್ದೆ, ಊಟ ಹೇಗಿದೆ, ಅದನ್ನು ಮೊದಲು ಹೇಳಿ’ ಅಂದರು. ಅವರ ಜೊತೆ ಮಾತಾಡುತ್ತಾ ಒಂದು ವಿಷಯ ತಿಳಿಯಿತು. ಭಯವಾದದ್ದನ್ನು ತಪ್ಪಿಸಿಕೊಂಡಾಗ ಹಾಯೆನಿಸುತ್ತದೆ, ಅಲ್ವಾ? ಆ ಹಾಯೆನಿಸುವಿಕೆಯೇ ‘ಅಲ್ಲಿ ನಿಜಕ್ಕೂ ಅಪಾಯವಿತ್ತು’ ಎಂದು ಮನಸ್ಸಿಗೆ ಕಲಿಸುತ್ತದೆ. ಮುಂದಿನ ಸಲ ಭಯ ಇನ್ನೂ ಜಾಸ್ತಿ.

ಹಾಗಾಗಿ ಹಾಲಿನಿಂದ ಶುರು ಮಾಡಿದೆ. ಆ್ಯಪ್ ಬಿಟ್ಟು ನಂದಿನಿ ಬೂತ್‌ಗೆ ನಡೆದು ಹೋದೆ. ಮೊದಮೊದಲು ಕೈ ಬೆವರುತ್ತಿತ್ತು. ಮುಖ್ಯವಾದದ್ದು ಇಷ್ಟೇ: ಎದೆ ಬಡಿತ ಇಳಿಯುವ ಮೊದಲು ಅಲ್ಲಿಂದ ಓಡಿಬರಬಾರದು. ಉಸಿರನ್ನು ಎಳೆದುಕೊಂಡದ್ದಕ್ಕಿಂತ ನಿಧಾನವಾಗಿ ಬಿಡುತ್ತಾ ನಿಂತರೆ ಬಡಿತ ತಾನಾಗಿ ತಗ್ಗುತ್ತದೆ. ಆಮೇಲೆ ಗೇಟಿನ ಸೆಕ್ಯುರಿಟಿ ಅಣ್ಣನನ್ನು ಮಾತಾಡಿಸಿದೆ. ಬೂತ್ ಪಕ್ಕದಲ್ಲಿ ಹೂ ಮಾರುವ ಅಜ್ಜಿಯ ಹತ್ತಿರ ಒಂದು ಮೊಳ ಮಲ್ಲಿಗೆ ಕೊಳ್ಳತೊಡಗಿದೆ. ಒಮ್ಮೆ ಜ್ವರ ಬಂದಿದ್ದರಿಂದ ಬೂತ್ ಕಡೆ ಹೋಗಿರಲಿಲ್ಲ. ಮರುದಿನ ಅಜ್ಜಿ, ‘ಯಾಕವ್ವಾ, ನಿನ್ನೆ ಕಾಣ್ಲೇ ಇಲ್ಲ?’ ಅಂದರು.

ಮನೆಗೆ ಬಂದು ಅತ್ತುಬಿಟ್ಟೆ. ನನ್ನ ಭಯದ ಬೇರು ಅಲ್ಲಿತ್ತು. ಲಿಫ್ಟೂ ಅಲ್ಲ, ಫೋನೂ ಅಲ್ಲ. ಈ ಮನೆಯೊಳಗೆ ನನಗೇನಾದರೂ ಆದರೆ ಯಾರಿಗೂ ಗೊತ್ತಾಗುವುದಿಲ್ಲ ಎಂಬ ಯೋಚನೆ ಅದು. ನಾನು ಬಳಸಿ ನೋಡಿದ್ದ ಧ್ಯಾನದ ಆ್ಯಪ್‌ಗಳು ಅದನ್ನು ಮುಟ್ಟಿಯೂ ಇರಲಿಲ್ಲ.

ಆ ವಾರವೇ ಎದುರು ಮನೆಯ ಆಂಟಿಗೆ ನಮ್ಮ ಮನೆಯ ಇನ್ನೊಂದು ಬೀಗದ ಕೈ ಕೊಟ್ಟೆ. ‘ಬೆಳಿಗ್ಗೆ ಬಾಗಿಲ ಮುಂದೆ ಪೇಪರ್ ಹಾಗೇ ಬಿದ್ದಿದ್ದರೆ ಒಂದು ಸಲ ಬೆಲ್ ಮಾಡಿ’ ಅಂತ ಕೇಳಿಕೊಂಡೆ. ಕೇಳಲು ಬಹಳ ಸಂಕೋಚವಾಯಿತು. ಅವರು ಒಳಗೆ ಹೋಗಿ ತಮ್ಮ ಮನೆಯದನ್ನೂ ತಂದು ಕೊಟ್ಟರು. ಅವರೂ ಒಬ್ಬರೇ ಇರುವುದು.