ನೀರು ಬಿಡದ ಮೆಕ್ಸಿಕನ್ ಮೊಟ್ಟೆ ಕ್ಯಾಸರೋಲ್: ನನ್ನ ಅನುಭವ

ಎಂಟು ಜನರನ್ನು ಭಾನುವಾರ ಬೆಳಿಗ್ಗೆ ಹನ್ನೊಂದು ಗಂಟೆಗೆ ಊಟಕ್ಕೆ ಕರೆದಾಗ ಎದುರಾಗುವ ಮೊದಲ ತೊಂದರೆಯೆಂದರೆ, ಮೊಟ್ಟೆಯ ಹೆಚ್ಚಿನ ತಿನಿಸುಗಳು ಎಲ್ಲರಿಗೂ ಏಕಕಾಲಕ್ಕೆ ಬಿಸಿಯಾಗಿ ಸಿದ್ಧವಾಗುವುದಿಲ್ಲ. ಆಮ್ಲೆಟ್ಟುಗಳನ್ನು ಒಂದೊಂದಾಗಿ ಹಾಕುತ್ತ ನಿಂತರೆ, ಮೊದಲು ಕುಳಿತವರು ಕೈ ತೊಳೆಯುವ ಹೊತ್ತಿಗೂ ಕೊನೆಯವರ ತಟ್ಟೆ ಖಾಲಿಯಾಗಿಯೇ ಇರುತ್ತದೆ. ಮಾಡುವವರಂತೂ ಒಲೆಯ ಮುಂದಿನಿಂದ ಕದಲುವುದಿಲ್ಲ. ಒಂದೇ ದೊಡ್ಡ ಪಾತ್ರೆಯಲ್ಲಿ ಎಲ್ಲವನ್ನೂ ಸುರಿದು ಓವನ್ನಿಗೆ ತಳ್ಳಿ ಬಾಗಿಲು ಮುಚ್ಚಿಬಿಡಬಹುದಾದ ಮೆಕ್ಸಿಕನ್ ಶೈಲಿಯ ಮೊಟ್ಟೆ ಕ್ಯಾಸರೋಲ್ ನನ್ನನ್ನು ಸೆಳೆದದ್ದು ಈ ಕಾರಣಕ್ಕೆ. ಆದರೆ ಮೊದಲ ಸಲ ಮಾಡಿದಾಗ, ಮೇಲಿನಿಂದ ಹೊಂಬಣ್ಣಕ್ಕೆ ಬಂದು ಸೊಗಸಾಗಿ ಉಬ್ಬಿದ್ದ ಅದನ್ನು ಚೂರಿಯಿಂದ ಕತ್ತರಿಸಿ ಮೊದಲ ತುಂಡನ್ನು ಎತ್ತಿದ ಕೂಡಲೇ, ಆ ಖಾಲಿ ಜಾಗಕ್ಕೆ ನಾಲ್ಕೂ ಕಡೆಯಿಂದ ಹಸಿರು ಛಾಯೆಯ ನೀರು ಹರಿದು ಬಂದು ನಿಂತಿತು. ಅತಿಥಿಗಳು ಮರ್ಯಾದೆಗೆ ತಿಂದರು. ತಟ್ಟೆಯ ಅಂಚಿನಲ್ಲಿ ಆ ನೀರನ್ನು ಬೇರೆ ಮಾಡಲು ಅವರು ಪಟ್ಟ ಪಾಡನ್ನು ನಾನು ನೋಡಲಿಲ್ಲವೆಂದು ನಟಿಸಿದೆ.

ಆ ದಿನದ ನಂತರ ಇದನ್ನು ಹತ್ತಾರು ಸಲ ಮಾಡಿದ್ದೇನೆ. ಈಗ ನನಗಿರುವ ತಿಳಿವಳಿಕೆಯ ಪ್ರಕಾರ ಈ ಅಡುಗೆಯಲ್ಲಿ ಖಾರ, ಮಸಾಲೆ, ಚೀಸ್ ಇವೆಲ್ಲ ಆಮೇಲಿನ ಮಾತು. ಮೊದಲು ಗಮನಿಸಬೇಕಾದದ್ದು ನೀರು ಎಲ್ಲಿಂದ ಬರುತ್ತದೆ ಎಂಬುದನ್ನು. ನನ್ನ ಮೊದಲ ಪ್ರಯತ್ನದಲ್ಲಿ ಅದು ನಾಲ್ಕು ದಾರಿಯಿಂದ ಬಂದಿತ್ತು. 12 ಮೊಟ್ಟೆಗಳಿಗೆ ಅರ್ಧ ಲೀಟರಿಗಿಂತ ಹೆಚ್ಚು ಹಾಲು ಸುರಿದಿದ್ದೆ, ಹಸಿ ಟೊಮೆಟೊ ಹೋಳುಗಳನ್ನು ನೇರವಾಗಿ ಹಾಕಿದ್ದೆ, ಡಬ್ಬಿಯ ಬೀನ್ಸನ್ನು ಸರಿಯಾಗಿ ಸೋಸಿರಲಿಲ್ಲ, ಇವೆಲ್ಲಕ್ಕಿಂತ ಮಿಗಿಲಾಗಿ, ಇನ್ನೂ ಹತ್ತು ನಿಮಿಷ ಇರಲಿ ಎಂದು ಓವನ್ನಿನಲ್ಲೇ ಬಿಟ್ಟು ಮೊಟ್ಟೆಯನ್ನು ಅತಿಯಾಗಿ ಬೇಯಿಸಿದ್ದೆ. ಕೊನೆಯದು ಹಲವರಿಗೆ ಆಶ್ಚರ್ಯವೆನಿಸಬಹುದು. ಹೆಚ್ಚು ಬೇಯಿಸಿದರೆ ನೀರು ಆರಬೇಕಲ್ಲವೇ ಎಂದು ನಾನೂ ಅಂದುಕೊಂಡಿದ್ದೆ. ಮೊಟ್ಟೆಯ ಪ್ರೋಟೀನುಗಳು ಬಿಸಿಯಾದಾಗ ಒಂದಕ್ಕೊಂದು ಹೆಣೆದುಕೊಂಡು ಬಲೆಯಂತಾಗಿ, ಆ ಬಲೆಯೊಳಗೆ ನೀರನ್ನು ಹಿಡಿದಿಟ್ಟುಕೊಳ್ಳುತ್ತವೆ; ಬಿಸಿ ಮಿತಿ ಮೀರಿದಾಗ ಅದೇ ಬಲೆ ಬಿಗಿದುಕೊಳ್ಳುತ್ತ ಹೋಗಿ, ಒದ್ದೆ ಬಟ್ಟೆಯನ್ನು ಹಿಂಡಿದಂತೆ, ಹಿಡಿದಿದ್ದ ನೀರನ್ನು ಹೊರಗೆ ತಳ್ಳುತ್ತದೆ. ನಾನು ಕಂಡ ಹಸಿರು ನೀರಿನಲ್ಲಿ ಹೆಚ್ಚಿನ ಪಾಲು ಹೀಗೆ ಹಿಂಡಿ ಬಂದದ್ದೇ ಆಗಿತ್ತು.

ಈ ತಿನಿಸಿನ ಹುಟ್ಟಿನ ಬಗ್ಗೆ ಒಂದು ಮಾತು. ಓವನ್ನಿನಲ್ಲಿ ಬೇಯುವ ಈ ಕ್ಯಾಸರೋಲ್ ಅಮೆರಿಕದ ಅಡುಗೆಮನೆಗಳದ್ದು. ಮೆಕ್ಸಿಕೋದಲ್ಲಿ ಇದಕ್ಕೆ ಹತ್ತಿರದ ಸಂಬಂಧಿಗಳೆಂದರೆ, ಹಿಂದಿನ ದಿನದ ಟಾರ್ಟಿಯಾ (ಅಲ್ಲಿನ ತೆಳು ರೊಟ್ಟಿ) ತುಂಡುಗಳನ್ನು ಕರಿದು ಸಾಲ್ಸಾ ಎಂಬ ಖಾರದ ಗೊಜ್ಜಿನಲ್ಲಿ ಹೊರಳಿಸುವ ಚಿಲಾಕಿಲೆಸ್ ಮತ್ತು ಟಾರ್ಟಿಯಾಗಳನ್ನು ಪದರ ಪದರವಾಗಿ ಜೋಡಿಸಿ ಬೇಯಿಸುವ ಪಾಸ್ತೆಲ್ ಅಸ್ತೇಕಾ. ಮೆಕ್ಕೆಜೋಳ, ಬೀನ್ಸ್, ಮೆಣಸಿನಕಾಯಿ, ಟೊಮೆಟೊ ಆ ನೆಲದ ಹಳೆಯ ಬೆಳೆಗಳು. ಕೋಳಿ ಮತ್ತು ಹಸು ಅಲ್ಲಿಗೆ ಹೋದದ್ದು 16ನೆಯ ಶತಮಾನದಲ್ಲಿ ಸ್ಪೇನಿನವರ ಜೊತೆ. ಹಾಗಾಗಿ ಈ ಪಾತ್ರೆಯಲ್ಲಿರುವ ಮೊಟ್ಟೆ, ಹಾಲು, ಚೀಸ್ ಮೂರೂ ಹೊರಗಿನಿಂದ ಬಂದವು. ಚಿಲಾಕಿಲೆಸ್ ಅನ್ನು ನಾನಿಲ್ಲಿ ನೆನೆಯುವುದಕ್ಕೆ ಕಾರಣವಿದೆ. ಹಳಸಿದ್ದಲ್ಲ, ಆದರೆ ಒಣಗಿದ ಟಾರ್ಟಿಯಾ ಮಾತ್ರ ಸಾಲ್ಸಾವನ್ನು ಹೀರಿಕೊಂಡೂ ತನ್ನ ಮೈ ಉಳಿಸಿಕೊಳ್ಳುತ್ತದೆ ಎಂಬ ಅದರ ಗುಟ್ಟು ನನ್ನ ಅರ್ಧ ಸಮಸ್ಯೆಯನ್ನು ಬಗೆಹರಿಸಿತು.

ಟಾರ್ಟಿಯಾ ಮೆಕ್ಕೆಜೋಳದ್ದೇ ಆಗಿರಬೇಕು ಎಂಬುದರಲ್ಲಿ ನಾನು ರಾಜಿ ಮಾಡಿಕೊಳ್ಳುವುದಿಲ್ಲ. ಜೋಳದ ಕಾಳನ್ನು ಸುಣ್ಣದ ನೀರಿನಲ್ಲಿ ಬೇಯಿಸಿ, ನೆನೆಸಿ, ತೊಳೆದು, ಅರೆಯುವ ಹಳೆಯ ವಿಧಾನದಿಂದಲೇ ಅದಕ್ಕೆ ಆ ವಿಶಿಷ್ಟ ಪರಿಮಳ ಬರುತ್ತದೆ, ಮತ್ತು ಆ ಪರಿಮಳವೇ ಇಡೀ ಪಾತ್ರೆಗೆ ಮೆಕ್ಸಿಕೋದ ಗುರುತು ಕೊಡುತ್ತದೆ. ಗೋಧಿಯ ಟಾರ್ಟಿಯಾ ಹಾಕಿದಾಗ ನನಗೆ ಸಿಕ್ಕಿದ್ದು ಅಂಟಂಟಾದ ಪದರ. ಈಗ ಅಂಗೈಯಗಲದ 12 ಜೋಳದ ಟಾರ್ಟಿಯಾಗಳನ್ನು ಒಂದೊಂದನ್ನೂ ಆರು ತ್ರಿಕೋನಗಳಾಗಿ ಕತ್ತರಿಸಿ, ಕೈಯಲ್ಲಿ ಸ್ವಲ್ಪ ಎಣ್ಣೆ ಸವರಿ, 180 ಡಿಗ್ರಿ ಸೆಲ್ಸಿಯಸ್‌ನಲ್ಲಿ ಸುಮಾರು 12 ನಿಮಿಷ ಇಟ್ಟು, ಅಂಚು ಗರಿಗರಿಯಾಗಿ ನಡುವೆ ತುಸು ಬಾಗುವಂತಿರುವಾಗ ಹೊರಗೆ ತೆಗೆಯುತ್ತೇನೆ. ಪೂರ್ತಿ ಗರಿಯಾದರೆ ಕತ್ತರಿಸುವಾಗ ಚೂರಿಯ ಕೆಳಗೆ ಒಡೆದು ಪದರವೇ ಚೆದುರುತ್ತದೆ.

ಸಾಲ್ಸಾಗೆ ಅರ್ಧ ಕಿಲೋ ಟೊಮಾಟಿಯೊ ಬೇಕು. ಇದು ಕಾಯಿ ಟೊಮೆಟೊ ಅಲ್ಲ. ತೆಳು ಕಾಗದದಂಥ ಸಿಪ್ಪೆಯೊಳಗೆ ಕುಳಿತಿರುವ, ಹುಳಿಯಾದ, ಬೇರೆಯೇ ಆದ ಹಸಿರು ಕಾಯಿ. ಸಿಪ್ಪೆ ಬಿಡಿಸಿ ಅಂಟು ಹೋಗುವಂತೆ ತೊಳೆದು, ಅರ್ಧ ಈರುಳ್ಳಿ, ಸಿಪ್ಪೆ ಸಹಿತವಾದ ಮೂರು ಎಸಳು ಬೆಳ್ಳುಳ್ಳಿ, ಎರಡು ಹಲಪೇನ್ಯೊ ಮೆಣಸಿನಕಾಯಿಗಳೊಂದಿಗೆ ಓವನ್ನಿನ ಮೇಲುಗಡೆಯ ಬಿಸಿಗೆ ಒಡ್ಡಿ, ಅಲ್ಲಲ್ಲಿ ಕಪ್ಪು ಕಲೆ ಬಿದ್ದ ಮೇಲೆ ಬೆಳ್ಳುಳ್ಳಿಯ ಸಿಪ್ಪೆ ತೆಗೆದು, ಕೊತ್ತಂಬರಿ ಸೊಪ್ಪು ಮತ್ತು ಉಪ್ಪು ಸೇರಿಸಿ ತರಿತರಿಯಾಗಿ ರುಬ್ಬುತ್ತೇನೆ. ಮೊದಲು ನಾನು ಇಲ್ಲಿಗೇ ನಿಲ್ಲಿಸುತ್ತಿದ್ದೆ. ಈಗ ಬಾಣಲೆಯಲ್ಲಿ ಒಂದು ಚಮಚ ಎಣ್ಣೆಯನ್ನು ಚೆನ್ನಾಗಿ ಕಾಯಿಸಿ, ರುಬ್ಬಿದ್ದನ್ನು ಅದಕ್ಕೆ ಒಮ್ಮೆಲೇ ಸುರಿದು, ಎರಡು ಕಪ್ಪಿನಷ್ಟಿದ್ದದ್ದು ಒಂದೂಕಾಲು ಕಪ್ಪಿಗೆ ಇಳಿಯುವ ತನಕ ಕುದಿಸುತ್ತೇನೆ. ಸೌಟಿನಿಂದ ಬಾಣಲೆಯ ತಳಕ್ಕೆ ಒಂದು ಗೆರೆ ಎಳೆದರೆ ಆ ಗೆರೆ ಕೂಡಲೇ ಮುಚ್ಚಿಕೊಳ್ಳದೆ ಒಂದೆರಡು ಕ್ಷಣ ಹಾಗೇ ಉಳಿದರೆ ಸಾಕು. ಟೊಮಾಟಿಯೊದಲ್ಲಿ ಪೆಕ್ಟಿನ್ ಹೆಚ್ಚಿರುವುದರಿಂದ ಆರಿದ ಮೇಲೆ ಅದು ಇನ್ನೂ ಗಟ್ಟಿಯಾಗುತ್ತದೆ. ಸೀಸೆಯಲ್ಲಿ ಬರುವ ಸಾಲ್ಸಾವನ್ನು ಬಳಸಿದರೂ ಈ ಕುದಿತವನ್ನು ಮಾತ್ರ ಬಿಡಬಾರದು.

ಪೊಬ್ಲಾನೊ ಮೆಣಸಿನಕಾಯಿಗಳನ್ನು ಸುಡುವುದು ಈ ಇಡೀ ಕೆಲಸದಲ್ಲಿ ನನಗೆ ಅತ್ಯಂತ ಪ್ರಿಯವಾದ ಭಾಗ. ದಪ್ಪಗಿನ, ಕಡುಹಸಿರಿನ, ಖಾರ ಅಷ್ಟಾಗಿಲ್ಲದ ಮೂರು ಕಾಯಿಗಳನ್ನು ನೇರವಾಗಿ ಒಲೆಯ ಉರಿಯ ಮೇಲಿಟ್ಟು, ಇಕ್ಕಳದಿಂದ ತಿರುಗಿಸುತ್ತ, ಸಿಪ್ಪೆ ಪಟಪಟನೆ ಸಿಡಿದು ಪೂರ್ತಿ ಕಪ್ಪಾಗುವವರೆಗೆ ಸುಡಬೇಕು. ಆಮೇಲೆ ಬಟ್ಟಲಿಗೆ ಹಾಕಿ ಹದಿನೈದು ನಿಮಿಷ ಮುಚ್ಚಿಟ್ಟರೆ ತಮ್ಮದೇ ಹಬೆಯಲ್ಲಿ ಬೆಂದು, ಹೆಬ್ಬೆರಳಿನಿಂದ ಒತ್ತಿ ಸವರಿದರೆ ಸಾಕು, ಸುಟ್ಟ ಸಿಪ್ಪೆ ಒದ್ದೆ ಕಾಗದದಂತೆ ಸುರುಳಿ ಸುರುಳಿಯಾಗಿ ಜಾರಿ ಬರುತ್ತದೆ. ನಲ್ಲಿಯ ಕೆಳಗೆ ಹಿಡಿದು ತೊಳೆಯುವ ಆಸೆಯನ್ನು ತಡೆದುಕೊಳ್ಳಬೇಕು, ಏಕೆಂದರೆ ಹೊಗೆಯ ರುಚಿಯೆಲ್ಲ ನೀರಿನೊಂದಿಗೆ ಹೋಗುತ್ತದೆ. ಅಲ್ಲಲ್ಲಿ ಕಪ್ಪು ಚುಕ್ಕೆ ಉಳಿದರೆ ಉಳಿಯಲಿ. ಬೀಜ ತೆಗೆದು ಉದ್ದುದ್ದ ಪಟ್ಟಿಗಳಾಗಿ ಸೀಳಿಕೊಂಡರೆ ಮುಗಿಯಿತು.

ಕಪ್ಪು ಬೀನ್ಸ್ ಒಂದೂವರೆ ಕಪ್ ಬೇಕು. ಮನೆಯಲ್ಲಿ ಬೇಯಿಸಿದ್ದಾದರೂ ಡಬ್ಬಿಯದ್ದಾದರೂ ಚೆನ್ನಾಗಿ ಸೋಸಿ, ಈರುಳ್ಳಿ ಮತ್ತು ಅರ್ಧ ಚಮಚ ಜೀರಿಗೆ ಪುಡಿಯೊಂದಿಗೆ ಬಾಣಲೆಯಲ್ಲಿ ಒಣಗುವಂತೆ ಹುರಿಯುತ್ತೇನೆ. ಮಾಂಸ ಬೇಕೆನ್ನುವವರಿಗೆ ಚೊರಿಸೊ ಸೇರಿಸಬಹುದು, ಆದರೆ ಆ ಹೆಸರಿನಲ್ಲಿ ಎರಡು ಬೇರೆ ವಸ್ತುಗಳಿವೆ. ಮೆಕ್ಸಿಕೋದ್ದು ಮೆಣಸಿನಕಾಯಿ, ವಿನಿಗರ್ ಹಾಕಿ ಕಲಸಿದ ಹಸಿ ಮಾಂಸ. ಬಾಣಲೆಯಲ್ಲಿ ಪುಡಿ ಮಾಡುತ್ತ ಪೂರ್ತಿ ಬೇಯಿಸಿ ಕೊಬ್ಬನ್ನು ಬಸಿಯಬೇಕು. ಸ್ಪೇನಿನದ್ದು ಒಣಗಿಸಿ ಹದ ಮಾಡಿದ ಗಟ್ಟಿ ಸಾಸೇಜು. ಒಮ್ಮೆ ವ್ಯತ್ಯಾಸ ಗಮನಿಸದೆ ಎರಡನೆಯದನ್ನು ಹಾಕಿ ಓವನ್ನಿನಲ್ಲಿ ಬೇಯಿಸಿದ್ದೆ. ಅನ್ನದಲ್ಲಿ ಕಲ್ಲು ಸಿಕ್ಕಂತೆ ಎಲ್ಲರೂ ಜಾಗರೂಕತೆಯಿಂದ ಅಗಿದರು.

ಚೀಸ್ ಸುಮಾರು 250 ಗ್ರಾಂ ಸಾಕು. ಮಾಂಟೆರೆ ಜ್ಯಾಕ್ ಅಥವಾ ಎಳೆ ಎಳೆಯಾಗಿ ಬಿಡಿಸಿಕೊಳ್ಳಬಹುದಾದ ಒಹಾಕಾ ಚೀಸ್ ಚೆನ್ನಾಗಿ ಕರಗುತ್ತದೆ. ಕೋತಿಹಾ ಎಂಬ ಚೀಸ್ ಕರಗುವುದಿಲ್ಲ, ಅದನ್ನು ಉಪ್ಪಿನಂತೆ ಕೊನೆಗೆ ಉದುರಿಸಬೇಕು. ಗಟ್ಟಿ ಚೀಸನ್ನು ಅಂಗಡಿಯಿಂದ ತುರಿದೇ ತರುವ ಬದಲು ತಂದು ತುರಿದುಕೊಳ್ಳುವುದು ಒಳ್ಳೆಯದು. ಮೊದಲೇ ತುರಿದು ಮಾರುವುದರಲ್ಲಿ ಎಳೆಗಳು ಅಂಟಿಕೊಳ್ಳದಿರಲು ಪಿಷ್ಟವನ್ನೋ ಸೆಲ್ಯುಲೋಸನ್ನೋ ಹಚ್ಚಿರುತ್ತಾರೆ, ಅದರಿಂದ ಅದು ನಯವಾಗಿ ಕರಗುವುದಿಲ್ಲ.

ಇನ್ನು ಮೊಟ್ಟೆ. 12 ಮೊಟ್ಟೆಗಳಿಗೆ ಈಗ ನಾನು ಹಾಕುವ ಹಾಲು ಮುಕ್ಕಾಲು ಕಪ್ ಮಾತ್ರ, ಅದೂ ಕೆನೆ ತೆಗೆಯದ ಹಾಲು. ಹಾಲು ಪ್ರೋಟೀನನ್ನು ತೆಳುವಾಗಿಸಿ ಮೊಟ್ಟೆ ಮೃದುವಾಗಿ ಹೆಪ್ಪುಗಟ್ಟಲು ನೆರವಾಗುತ್ತದೆ, ಆದರೆ ಅಳತೆ ಮೀರಿದರೆ ಅದನ್ನು ಹಿಡಿದಿಡುವ ಶಕ್ತಿ ಮೊಟ್ಟೆಗಿರುವುದಿಲ್ಲ. ಇವೆರಡನ್ನೂ ಒಂದು ಚಮಚ ಉಪ್ಪಿನೊಂದಿಗೆ ಫೋರ್ಕಿನಿಂದ, ಬಿಳಿ ಲೋಳೆಯ ಎಳೆಗಳು ಕಾಣದಂತೆ ಕಲಕಬೇಕೇ ಹೊರತು ನೊರೆ ಬರುವಂತೆ ಕಡೆಯಬಾರದು. ನೊರೆ ಓವನ್ನಿನಲ್ಲಿ ಭರ್ಜರಿಯಾಗಿ ಉಬ್ಬಿ, ಮೇಜಿಗೆ ಬರುವಷ್ಟರಲ್ಲಿ ಕುಸಿದು ಸುಕ್ಕಾಗುತ್ತದೆ.

ಸುಮಾರು 23 ಸೆಂಟಿಮೀಟರ್ ಅಗಲ, 33 ಸೆಂಟಿಮೀಟರ್ ಉದ್ದದ ಪಾತ್ರೆಗೆ ಬೆಣ್ಣೆ ಸವರಿ, ಟಾರ್ಟಿಯಾ, ಬೀನ್ಸ್, ಪೊಬ್ಲಾನೊ, ಸಾಲ್ಸಾ, ಚೀಸ್ ಈ ಕ್ರಮದಲ್ಲಿ ಎರಡು ಸುತ್ತು ಹಾಕಿ, ಕೊನೆಯ ಚೀಸನ್ನು ಮಾತ್ರ ಉಳಿಸಿಕೊಂಡು, ಮೇಲಿನಿಂದ ಮೊಟ್ಟೆಯನ್ನು ನಿಧಾನವಾಗಿ ಹುಯ್ಯುತ್ತೇನೆ. ಹತ್ತು ನಿಮಿಷ ಬಿಟ್ಟರೆ ಅದು ಸಂದುಗಳಿಗೆಲ್ಲ ಇಳಿಯುತ್ತದೆ. ಹಿಂದಿನ ರಾತ್ರಿಯೇ ಎಲ್ಲವನ್ನೂ ಜೋಡಿಸಿ ಫ್ರಿಜ್ಜಿನಲ್ಲಿಡಬೇಕೆಂದು ಹಲವರು ಹೇಳುತ್ತಾರೆ. ಬ್ರೆಡ್ಡಿನ ಕ್ಯಾಸರೋಲಿಗೆ ಆ ಮಾತು ಸರಿ, ಬ್ರೆಡ್ಡು ರಾತ್ರಿಯಿಡೀ ನೆನೆದಷ್ಟೂ ಒಳ್ಳೆಯದು. ಜೋಳದ ಟಾರ್ಟಿಯಾ ಮಾತ್ರ ಅಷ್ಟು ಹೊತ್ತು ನೆನೆದರೆ ಮುದ್ದೆಯಾಗಿ ಮಾಯವಾಗುತ್ತದೆ. ನಾನು ಸಾಲ್ಸಾ, ಪೊಬ್ಲಾನೊ, ಬೀನ್ಸ್ ಮೂರನ್ನೂ ರಾತ್ರಿ ಸಿದ್ಧಪಡಿಸಿ ಬೇರೆ ಬೇರೆಯಾಗಿ ಫ್ರಿಜ್ಜಿನಲ್ಲಿಟ್ಟು, ಬೆಳಿಗ್ಗೆ ಜೋಡಿಸುವ ಕೆಲಸವನ್ನಷ್ಟೇ ಉಳಿಸಿಕೊಳ್ಳುತ್ತೇನೆ. ಫ್ರಿಜ್ಜಿನಿಂದ ತೆಗೆದ ಗಾಜಿನ ಪಾತ್ರೆಯನ್ನು ನೇರವಾಗಿ ಬಿಸಿ ಓವನ್ನಿಗೆ ಇಟ್ಟರೆ ಒಡೆಯುವ ಅಪಾಯವೂ ಇದರಿಂದ ತಪ್ಪುತ್ತದೆ.

175 ಡಿಗ್ರಿಯಲ್ಲಿ ಮೊದಲ 25 ನಿಮಿಷ ಫಾಯಿಲ್ ಮುಚ್ಚಿ, ಆಮೇಲೆ ಅದನ್ನು ತೆಗೆದು ಉಳಿಸಿದ ಚೀಸ್ ಉದುರಿಸಿ ಮತ್ತೆ 15 ನಿಮಿಷ ಬೇಯಿಸುತ್ತೇನೆ. ಮೂವತ್ತೈದನೆಯ ನಿಮಿಷದಿಂದ ನಾನು ಓವನ್ನಿನ ಮುಂದೆಯೇ ಇರುತ್ತೇನೆ. ಪಾತ್ರೆಯನ್ನು ಮೆಲ್ಲಗೆ ಅಲುಗಿಸಿದಾಗ ಅಂಚುಗಳು ಅಲ್ಲಾಡದೆ ನಿಂತು, ನಡುವೆ ಅಂಗೈಯಗಲದ ಜಾಗ ಮಾತ್ರ ಗಟ್ಟಿ ಮೊಸರಿನಂತೆ ಒಟ್ಟಾಗಿ ತುಳುಕಬೇಕು. ಅಲೆ ಎದ್ದರೆ ಒಳಗೆ ಇನ್ನೂ ಹಸಿಯಿದೆ, ಅಲುಗದೇ ಹೋದರೆ ಆಗಲೇ ತಡವಾಗಿದೆ. ಕಣ್ಣಿನ ಅಂದಾಜಿನ ಜೊತೆಗೆ ಥರ್ಮಾಮೀಟರನ್ನೂ ಬಳಸುತ್ತೇನೆ. ಮೊಟ್ಟೆಯ ತಿನಿಸು ಸುರಕ್ಷಿತವಾಗಲು ನಡುಭಾಗ 71 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕು, ನಾನು 74ಕ್ಕೆ ಹೊರಗೆ ತೆಗೆಯುತ್ತೇನೆ. ದಪ್ಪ ಪಾತ್ರೆ ತನ್ನಲ್ಲಿ ಉಳಿಸಿಕೊಂಡ ಬಿಸಿಯಿಂದಲೇ ಒಳಗಿನದು ಮುಂದಿನ ಕೆಲವು ನಿಮಿಷ ಬೇಯುತ್ತಲೇ ಇರುತ್ತದೆ, ಆದ್ದರಿಂದ ಹದಿನೈದು ನಿಮಿಷ ಯಾರೂ ಚೂರಿ ಹಚ್ಚುವಂತಿಲ್ಲ. ಹಸಿದವರನ್ನು ಆ ಹೊತ್ತು ತಡೆಯುವುದು ಅಡುಗೆಗಿಂತ ಕಷ್ಟ. ನಾನು ಬೆಣ್ಣೆಹಣ್ಣು ಹೆಚ್ಚುವುದು, ನಿಂಬೆಹಣ್ಣು ಕೊಯ್ಯುವುದು, ಕೊತ್ತಂಬರಿ ಸೊಪ್ಪು ಬಿಡಿಸುವುದು ಇವನ್ನೆಲ್ಲ ಅವರಿಗೇ ಒಪ್ಪಿಸಿಬಿಡುತ್ತೇನೆ.

ಹಸಿ ಟೊಮೆಟೊವನ್ನು ನಾನು ಪೂರ್ತಿ ಬಿಟ್ಟಿಲ್ಲ. ಅದನ್ನು ಈರುಳ್ಳಿ, ನಿಂಬೆರಸದೊಂದಿಗೆ ಕಲಸಿ ಬೇರೆ ಬಟ್ಟಲಿನಲ್ಲಿ ಇಡುತ್ತೇನೆ. ಬೇಕಾದವರು ತಮ್ಮ ತಟ್ಟೆಯಲ್ಲಿ ಮೇಲಿನಿಂದ ಹಾಕಿಕೊಳ್ಳುತ್ತಾರೆ. ಉಳಿದ ತುಂಡುಗಳನ್ನು ಮರುದಿನ ಮೈಕ್ರೊವೇವಿನಲ್ಲಿ ಬಿಸಿ ಮಾಡಿದರೆ ಮತ್ತೆ ಅದೇ ಹಿಂಡುವ ಕೆಲಸ ನಡೆದು ತಟ್ಟೆಯಲ್ಲಿ ನೀರು ನಿಲ್ಲುತ್ತದೆ. ಬದಲಿಗೆ ಕಾದ ಬಾಣಲೆಯಲ್ಲಿ, ಕತ್ತರಿಸಿದ ಬದಿ ಕೆಳಗಾಗುವಂತೆ ತುಂಡನ್ನು ಮಲಗಿಸಿ, ಮುಚ್ಚಳ ಮುಚ್ಚಿ ಸಣ್ಣ ಉರಿಯಲ್ಲಿ ಬಿಸಿ ಮಾಡುತ್ತೇನೆ. ಬಾಣಲೆಗೆ ತಾಗಿದ ಚೀಸ್ ಗರಿಗಟ್ಟಿ, ಟಾರ್ಟಿಯಾದ ಅಂಚು ಮತ್ತೆ ಹುರಿದ ಜೋಳದ ವಾಸನೆ ಬಿಡುವುದರಿಂದ, ನಮ್ಮ ಮನೆಯಲ್ಲಿ ಕೆಲವರು ಭಾನುವಾರದ ತಾಜಾ ತುಂಡಿಗಿಂತ ಸೋಮವಾರದ ಈ ತುಂಡಿಗೇ ಹೆಚ್ಚು ಆಸೆಪಡುತ್ತಾರೆ.